ಪುಡಿ ಹಾಕುವ ಮುಂಚಿನ ನೀರು

ಊರಿಗೆಲ್ಲ ನೀರು ಬಿಡುವ ಅಂಬ್ರಪ್ಪನಿಗೆ ಎರಡು ಏಡಿಗಳಿಗೆ ನೀರಿಡಲು ಬರಲಿಲ್ಲ. ಚಹದಂಗಡಿಯಲ್ಲಿ ಈ ಕತೆ ಬಂದಾಗಲೆಲ್ಲ ಅವನೇ ಇದನ್ನು ಮೊದಲು ಹೇಳಿಬಿಡುತ್ತಾನೆ. ಬೇರೆಯವರು ಹೇಳಿ ನಗುವುದಕ್ಕಿಂತ ತಾನೇ ಹೇಳಿ ನಕ್ಕರೆ ಅರ್ಧ ಮರ್ಯಾದೆಯಾದರೂ ಉಳಿಯುತ್ತದೆಂದು ಅವನ ಎಣಿಕೆ.

ದೋರನಹಳ್ಳಿಯಿಂದ ಕಾಲುವೆಯ ಏರಿ ಹಿಡಿದು ಅರ್ಧ ಗಂಟೆ ನಡೆದರೆ ಸಿಗುವ ಊರು ಅವನದು. ಇಪ್ಪತ್ತಾರು ವಯಸ್ಸು, ಆರು ವರ್ಷದಿಂದ ಊರ ವಾಟರ್‌ಮ್ಯಾನ್. ಬೆಳಗಾಗುವ ಹೊತ್ತಿಗೆ ಮೋಟಾರು ಚಾಲೂ ಮಾಡಬೇಕು, ಕಾಲುವೆ ನೀರು ತುಂಬಿಕೊಂಡ ಕೆರೆಯಿಂದ ಟಾಕಿಗೆ ನೀರೇರಿಸಬೇಕು, ಕಬ್ಬಿಣದ ನಿಚ್ಚಣಿಕೆ ಹತ್ತಿ ಬ್ಲೀಚಿಂಗ್ ಪುಡಿ ಕದಡಿ ಸುರಿಯಬೇಕು, ಇಳಿದು ಓಣಿಗೊಂದರಂತೆ ವಾಲ್ವ್ ತಿರುವಬೇಕು, ಆಮೇಲೆ ಓಣಿಗೊಂದರಂತೆ ಬೈಸಿಕೊಳ್ಳಬೇಕು. ಎರಡು ವರ್ಷದ ಹಿಂದೆ ಊರಲ್ಲಿ ವಾಂತಿಭೇದಿ ಎದ್ದಿತ್ತು. ಆವತ್ತಿನಿಂದ ಪುಡಿ ಹಾಕುವ ಅವನ ಕೈ ಧಾರಾಳವಾಯಿತು. ಒಂದು ಬೊಗಸೆ ಹಾಕುವಲ್ಲಿ ಎರಡು ಹಾಕತೊಡಗಿದ. ನೀರು ದವಾಖಾನೆ ವಾಸನೆ ಹೊಡೆಯುತ್ತದೆಂದು ಹೆಂಗಸರು ಬೈದರೆ ಅದನ್ನು ಅವನು ಹೊಗಳಿಕೆಯೆಂದೇ ತಿಳಿಯುತ್ತಿದ್ದ.

ಶಿವರಾತ್ರಿಯ ಮರುದಿನ ಅವನ ತಾಯಿ ಹಣಮಂತಮ್ಮ ಗೋವಾದಿಂದ ಬಂದಳು. ಹದಿನೇಳು ವರ್ಷ ವಾಸ್ಕೋದಲ್ಲಿ ಕಟ್ಟಡದ ಕೆಲಸ ಮಾಡಿ, ಗಾರೆ ಹೊತ್ತು, ಎರಡೂ ಮೊಣಕಾಲು ಕೆಡಿಸಿಕೊಂಡಿದ್ದಳು. ಅವಳು ಹೋದಾಗ ಅಂಬ್ರಪ್ಪನಿಗೆ ಒಂಬತ್ತು. ಅಜ್ಜಿ ಬೆಳೆಸಿದಳು. ಅವ್ವ ವರ್ಷಕ್ಕೊಮ್ಮೆ ಪಂಚಮಿಗೆ ಬಂದು ಹದಿನೈದು ದಿನ ಇದ್ದು ಹೋಗುತ್ತಿದ್ದಳು. ಈ ಸಲ ಗಂಟುಮೂಟೆಯ ಜೊತೆ ಮೂರು ನೀರಿನ ಕ್ಯಾನು, ಮೇಲೆ ಒದ್ದೆ ಬಟ್ಟೆ ಕಟ್ಟಿದ ಒಂದು ಪೇಂಟಿನ ಡಬ್ಬಿ ಇಳಿದವು. ಅಂಬ್ರಪ್ಪ ಬಟ್ಟೆ ಎತ್ತಿ ನೋಡಿದ. ಒಳಗೆ ಎರಡು ಶಂಖಗಳು ತಾವಾಗಿಯೇ ಸರಿದಾಡಿದವು.

"ಏನವ್ವ ಇದು?"

"ಏಡಿ. ಶಂಖದಾಗ ಸಂಸಾರ ಮಾಡ್ತಾವ. ಅಂಜಬ್ಯಾಡ, ನಿನಗಿಂತ ಸಾದಾ ಅದಾವ."

"ಸಾರು ಮಾಡಾಕ ತಂದೀಯೇನು?"

"ನಿನ್ನ ಸಾರು ಮಾಡ್ತೀನಿ ನೋಡು. ಆರು ವರ್ಷ ಆತು, ಶೆಡ್ಡಿನಾಗ ನನ್ನ ಕೂಡ ಇದ್ದಾವ ಅವು."

ವರ್ಷಕ್ಕೆ ಹದಿನೈದು ದಿನ ಅವ್ವನನ್ನು ಕಂಡವನಿಗೆ ಆರು ವರ್ಷ ಅವಳ ಮಗ್ಗುಲಲ್ಲೇ ಇದ್ದ ಏಡಿಗಳ ಮೇಲೆ ಹೊಟ್ಟೆಕಿಚ್ಚಾಯಿತು. ಊರ ನೀರಿನ ನೌಕರ, ಮೀಸೆ ಬಂದ ಗಂಡಸು, ಎರಡು ಏಡಿಗಳ ಮೇಲೆ ಹೊಟ್ಟೆಕಿಚ್ಚು! ಹೇಳಿಕೊಳ್ಳುವಂಥದ್ದಲ್ಲವಾದ್ದರಿಂದ ಡಬ್ಬಿಯನ್ನು ತಂಪಿರುವ ಮೂಲೆಗಿಟ್ಟ.

ಅವ್ವ ಸಂಜೆ ಎಲೆಯಡಿಕೆ ಹಾಕಿಕೊಳ್ಳುತ್ತ ತನ್ನ ಮಾತು ಹೇಳಿದಳು. "ಮೇಸ್ತ್ರಿ ಯುಗಾದಿ ಆದ ಮ್ಯಾಲ ಬಾ ಅಂದಾನ, ಶೆಡ್ಡಿನ ಮಂದಿಗೆ ಅಡಗಿ ಮಾಡ್ಕೊಂಡಿರು ಅಂತ. ಅಲ್ಲೀತನ ನೋಡ್ತೀನಿ. ಇಲ್ಲಿ ನಮಗ ಮೂರೂ ಜೀವಕ್ಕ ನೀರು ಒಗ್ಗಿದ್ರ ಇರ್ತೀನಿ. ಇಲ್ಲಾಂದ್ರ ಸುರಪುರದ ಮ್ಯಾಲಿಂದ ಗೋವಾ ಗಾಡಿ ಇದ್ದೇ ಅದ."

ಇರು ಎಂದು ಬಾಯಿಬಿಟ್ಟು ಹೇಳುವುದು ಅಂಬ್ರಪ್ಪನಿಗೆ ಆಗಲಿಲ್ಲ. ಹದಿನೇಳು ವರ್ಷದಲ್ಲಿ ಆ ಮಾತಿನ ರೂಢಿಯೇ ತಪ್ಪಿತ್ತು. "ನೀರಿಂದು ನನಗ ಬಿಡು. ಊರಿಗೆಲ್ಲ ಕುಡಸಾಂವ ನಾನು," ಎಂದಷ್ಟೇ ಅಂದ.

ಏಡಿಗಳ ಪದ್ಧತಿ ಸಣ್ಣದಾಗಿರಲಿಲ್ಲ. ಎರಡು ಬಟ್ಟಲು ಬೇಕು. ಒಂದರಲ್ಲಿ ಸಿಹಿನೀರು, ಒಂದರಲ್ಲಿ ಸಮುದ್ರದ ನೀರು. ಮುಳುಗಿ ಸಾಯದಂತೆ ಹತ್ತಿ ಬರಲು ಎರಡರಲ್ಲೂ ಹರಳು ಇಡಬೇಕು. ಅವು ಎರಡಕ್ಕೂ ಇಳಿಯುತ್ತವೆ, ಎರಡನ್ನೂ ಕುಡಿಯುತ್ತವೆ, ಶಂಖದೊಳಗೆ ಒಂದಿಷ್ಟು ತುಂಬಿಕೊಂಡು ಹೋಗುತ್ತವೆ. ಯಾವುದು ಎಷ್ಟು ಬೇಕೆಂಬುದು ಅವಕ್ಕೇ ಗೊತ್ತು, ನಾವು ಎರಡನ್ನೂ ಇಡಬೇಕು ಅಷ್ಟೇ. ಒಣಗಾಳಿಯೂ ಆಗದು, ಡಬ್ಬಿಯ ಬಟ್ಟೆ ಸದಾ ಹಸಿಯಾಗಿರಬೇಕು. ನಮ್ಮ ಕಡೆಯ ಬಿಸಿಲಿಗೆ ಆ ಬಟ್ಟೆ ದಿನಕ್ಕೆ ಆರು ಸಲ ಒಣಗುತ್ತಿತ್ತು.

ನಾಲ್ಕನೆಯ ದಿನ ಗೋವಾದ ಬಾವಿನೀರಿನ ಕ್ಯಾನು ಮುಗಿಯಿತು. ಅಂಬ್ರಪ್ಪ ಟಾಕಿಯಿಂದ ಕೊಡ ತುಂಬಿಕೊಂಡು ಮದುಮಗನಂತೆ ಬಂದ. "ಕೈಯಾರೆ ಶುದ್ಧ ಮಾಡಿದ್ದವ್ವ. ಒಂದು ಹುಳ ಉಳಿಯಂಗಿಲ್ಲ ಇದರಾಗ."

ಆ ಮಾತು ಖರೆಯಾಯಿತು. ವಾರ ಕಳೆಯುವುದರೊಳಗೆ ಸಣ್ಣ ಏಡಿ ಶಂಖ ಬಿಟ್ಟು ಈಚೆ ಬಂದು ಬತ್ತಲೆ ಬಿದ್ದಿತ್ತು. ಮುಟ್ಟಿದರೆ ಅಲುಗಲಿಲ್ಲ. ಅವ್ವ ಅಳಲಿಲ್ಲ. ಬಟ್ಟಲು ಎತ್ತಿ ನೀರು ಮೂಸಿ ನೋಡಿದಳು, ಚೆಲ್ಲಿದಳು, ಖಾಲಿ ಶಂಖವನ್ನು ಸೆರಗಿನ ತುದಿಗೆ ಕಟ್ಟಿಕೊಂಡಳು. ಆವತ್ತಿನಿಂದ ಸಿಹಿನೀರನ್ನು ಅವಳೇ ಅಂಗಳದಲ್ಲಿ ಅಗಲ ಪರಾತದಲ್ಲಿ ಸುರಿದು ಬಿಸಿಲಿಗಿಟ್ಟು ಮರುದಿನ ಬಳಸತೊಡಗಿದಳು. ಅದೇನೋ ಗೋವಾದ ಮಡಿ ಇರಬೇಕೆಂದುಕೊಂಡು ಅಂಬ್ರಪ್ಪ ಸುಮ್ಮನಾದ.

ಅಷ್ಟರಲ್ಲಿ ಸಮುದ್ರದ ನೀರಿನ ಕ್ಯಾನುಗಳೂ ತಳ ಕಂಡವು. ಯುಗಾದಿಗೆ ಇನ್ನು ಒಂಬತ್ತು ದಿನ. ಉಳಿದ ಏಡಿ ಉಪ್ಪಿನ ಬಟ್ಟಲ ಸುತ್ತ ಸುತ್ತುತ್ತಿತ್ತು, ಮುಚ್ಚಿದ ಅಂಗಡಿಯ ಮುಂದೆ ನಿಂತ ಗಿರಾಕಿಯಂತೆ. ಅಂಬ್ರಪ್ಪ ಕಿರಾಣಿ ಅಂಗಡಿಯಿಂದ ಪಾಕೀಟು ಉಪ್ಪು ತಂದ. ಅವ್ವ ನಾಲಿಗೆಗೆ ಹಚ್ಚಿ, "ಇದು ಸಾರಿಗೆ ಹಾಕೋದು, ಇದನ್ನ ಅವು ಮುಟ್ಟಂಗಿಲ್ಲ," ಎಂದು ಅಡಿಗೆಮನೆಯ ಉಪ್ಪಿನ ಭರಣಿಗೆ ಸುರಿದಳು.

ಆಗ ಅವನಿಗೆ ಹೊಳೆಯಿತು. ಉಪ್ಪಿಗಾಗಿ ಇಷ್ಟು ಒದ್ದಾಡುವ ತನಗೆ ಎರಡು ಎಕರೆ ಉಪ್ಪೇ ಇದೆಯಲ್ಲ!

ಕಾಲುವೆ ಬಂದ ಮೇಲೆ ಮೇಲಿನ ಹೊಲದವರು ಬತ್ತ ಹಚ್ಚಿ ವರ್ಷವಿಡೀ ನೀರು ನಿಲ್ಲಿಸಿದ್ದರು. ಆ ನೀರು ನೆಲದೊಳಗೇ ಇಳಿದು ಬಂದು ತಗ್ಗಿನಲ್ಲಿದ್ದ ಇವರ ಹೊಲದಲ್ಲಿ ಎದ್ದಿತು. ಎದ್ದ ನೀರು ಆರಿದ ಕಡೆ ಬೆಳ್ಳಗೆ ಉಪ್ಪು ಕಟ್ಟಿತು. ಜೋಳ ಮೊಳಕೆಯಲ್ಲೇ ಸುಟ್ಟಿತು. ಈಗಲೂ ಬೇಸಿಗೆಯಲ್ಲಿ ಆ ಸವಳು ನೆಲ ದೂರದಿಂದ ಸುಣ್ಣ ಬಳಿದಂತೆ ಕಾಣುತ್ತದೆ. ಅಂಬ್ರಪ್ಪ ಖುರಪಿ ಒಯ್ದು ಮೇಲ್ಪದರ ಕೆರೆದ, ಅರಿವೆಯಲ್ಲಿ ಕಟ್ಟಿ ತಂದ, ನೀರಲ್ಲಿ ಕದಡಿ ಸೋಸಿದ. ಊರಲ್ಲಿ ಇನ್ನಾರಿಗೂ ಬರದ ಬುದ್ಧಿ ತನಗೆ ಬಂದಿತೆಂದು ಹಿಗ್ಗಿದ. ಬೇರೆಯವರಿಗೆ ಯಾಕೆ ಬರಲಿಲ್ಲವೆಂದು ಯೋಚಿಸಲಿಲ್ಲ.

ಅವ್ವ ಆ ನೀರಲ್ಲಿ ಎರಡು ಬೆರಳು ಅದ್ದಿ ಉಜ್ಜಿ ನೋಡಿದಳು.

"ಸಾಬಾನ ಜಾರಿದಂಗ ಜಾರ್ತದ. ಎಲ್ಲಿಂದ ತಂದಿ ಇದನ್ನ?"

"ನಮ್ಮ ಹೊಲದ್ದವ್ವ. ಬೇಕಾದಷ್ಟು ಅದ. ಸಾಯೋತನ ಸಾಕಾಗ್ತದ."

ಅವ್ವ ಅವನ ಮುಖ ನೋಡಿದಳು. ಸಿಟ್ಟಿರಲಿಲ್ಲ, ದಣಿವಿತ್ತು. "ಇದು ಸಮುದ್ರದ ಉಪ್ಪಲ್ಲೋ ಅಂಬ್ರ್ಯಾ. ಇದು ನನ್ನನ್ನ ಸಮುದ್ರಕ್ಕ ಹೊಂಡಿಸಿದ ಉಪ್ಪು. ಇನ್ನ ಆ ಏಡಿಗೂ ಕುಡಸ್ತೀಯೇನು?"

ನೀರು ಚೆಲ್ಲಿ ಬಟ್ಟಲು ತೊಳೆದು ಬೋರಲಿಟ್ಟಳು. ಆಮೇಲೆ ಹೋಗಿ ತನ್ನ ಬಟ್ಟೆಯ ಗಂಟನ್ನು ಅಟ್ಟದಿಂದ ಇಳಿಸಿ ಬಾಗಿಲ ಬಳಿ ಇಟ್ಟಳು.

ಅಂಬ್ರಪ್ಪ ನೇರ ವಹಾಬನ ಹತ್ತಿರ ಹೋದ. ವಹಾಬ ಶಹಾಪುರಕ್ಕೆ ಟಂಟಂ ಆಟೋ ಓಡಿಸುವ ಗೆಳೆಯ. ಪ್ರಪಂಚದ ಯಾವ ಅಂಗಡಿಯ ನಂಬರನ್ನೂ ಹುಡುಕಿ ಕೊಡಬಲ್ಲ.

"ಅರೇ ಭೈ, ಮಂದಿ ಕೋಳಿ ಸಾಕ್ತಾರ, ಆಡು ಸಾಕ್ತಾರ. ನೀ ಶಂಖ ಸಾಕಾಕತ್ತೀದಿ. ಊದಾಕಾದ್ರೂ ಬರ್ತದೇನು?"

"ನಗಬ್ಯಾಡಲೇ. ಅದು ಸತ್ರ ಅವ್ವ ಹೋಗ್ತಾಳ."

ವಹಾಬ ನಗುವುದನ್ನು ಬಿಟ್ಟ. ಕಲಬುರಗಿಯಲ್ಲಿ ಗಾಜಿನ ಪೆಟ್ಟಿಗೆಯ ಬಣ್ಣದ ಮೀನು ಮಾರುವವನೊಬ್ಬನನ್ನು ಫೋನಿನಲ್ಲಿ ಹಿಡಿದು ಕೊಟ್ಟ. ಅಂಗಡಿಯವನು ತಾಳ್ಮೆಯ ಮನುಷ್ಯ, ಎಲ್ಲ ಕೇಳಿಸಿಕೊಂಡ.

"ಅಡಗಿ ಉಪ್ಪು ಬ್ಯಾಡ್ರಿ, ಸವಳಿಂದಂತೂ ಬ್ಯಾಡೇ ಬ್ಯಾಡ. ಸಮುದ್ರದ ಮೀನಿಗೆ ಹಾಕೋ ಉಪ್ಪು ಅಂತ ಬರ್ತದ. ಲೀಟರಿಗೆ ಮೂವತ್ತೈದು ಗ್ರಾಂ ತೂಗಿ ಕಲಸ್ರಿ. ಕಣ್ಣಳತಿ ನಡ್ಯಂಗಿಲ್ಲ. ಸಿಹಿನೀರು ಯಾವುದು ಕೊಡ್ತೀರಿ?"

"ಟಾಕಿದು ರೀ. ಛಲೋ ಬ್ಲೀಚಿಂಗ್ ಹಾಕಿದ್ದು."

"ಅದನ್ನ ಕೊಡಬಾರದ್ರಿ. ಅವು ಉಸಿರಾಡೋ ಜಾಗ ಸುಡ್ತದ. ಪುಡಿ ಹಾಕೋಕಿಂತ ಮೊದಲಿನ ನೀರು ಹಿಡೀರಿ. ಇಲ್ಲಾ, ಒಂದು ದಿನ ಬಿಸಲಿಗೆ ತೆರೆದಿಟ್ಟು ಕೊಡ್ರಿ. ಉಪ್ಪು ಕಲಸೋ ನೀರಿಗೂ ಇದೇ ಮಾತು. ಮತ್ತ ಡಬ್ಬಿಯಾಗ ಗೇಣುದ್ದ ಹಸಿ ಉಸುಕು ಹಾಕ್ರಿ. ಒಮ್ಮೊಮ್ಮೆ ಅದು ಉಸುಕಿನಾಗ ಹೂತ್ಕೊಂಡು ಪೊರೆ ಬಿಡ್ತದ. ತಿಂಗಳಾದ್ರೂ ಕೆದಕಬ್ಯಾಡ್ರಿ."

ಫೋನು ಇಟ್ಟ ಮೇಲೆ ಅಂಬ್ರಪ್ಪ ತನ್ನ ಅಂಗೈ ಮೂಸಿ ನೋಡಿಕೊಂಡ. ಪುಡಿಯ ವಾಸನೆ ಆರು ವರ್ಷದಿಂದ ಅಲ್ಲೇ ಇತ್ತು. ಸಣ್ಣ ಏಡಿಯನ್ನು ಕೊಂದವರಾರೆಂದು ಇನ್ನು ಹುಡುಕಬೇಕಾಗಿರಲಿಲ್ಲ. ಅವ್ವನಿಗೆ ಹೇಳಬೇಕೆಂದುಕೊಂಡ. ಯುಗಾದಿ ಕಳೆಯಲಿ ಎಂದೂ ಅಂದುಕೊಂಡ. ಎರಡನೆಯ ಮಾತೇ ಹಗುರವಾಗಿತ್ತು, ಅದನ್ನೇ ಹಿಡಿದ.

ಉಪ್ಪಿನ ಚೀಲ ಕಲಬುರಗಿ ಬಸ್ಸಿನಲ್ಲಿ ಕಂಡಕ್ಟರನ ಕೈಯಲ್ಲಿ ಬಂತು, ಶಹಾಪುರದಿಂದ ವಹಾಬನ ಟಂಟಂನಲ್ಲಿ. ಕಿರಾಣಿ ಅಂಗಡಿಯ ತಕ್ಕಡಿಯಲ್ಲಿ ತೂಗಿಸಿ, ಮಾರನೆಯ ಬೆಳಿಗ್ಗೆ ಅಂಬ್ರಪ್ಪ ಕೊಡ ಹೊತ್ತು ಟಾಕಿ ಏರಿದ. ಕೆರೆಯಿಂದ ಬರುವ ಪೈಪಿನ ಬಾಯಿಗೇ ಕೊಡ ಹಿಡಿದ, ಪುಡಿಯ ಡಬ್ಬಿ ಮುಟ್ಟುವ ಮುಂಚೆ. ಆಮೇಲೆ ಕೊಡ ಹಿಡಿಯುವ ಮುಂಚೆ ಕೈ ತೊಳೆದೆನೋ, ಹಿಡಿದ ಮೇಲೆ ತೊಳೆದೆನೋ ಎಂದು ಅನುಮಾನ ಬಂದು, ಅರ್ಧ ಇಳಿದವನು ಮತ್ತೆ ಹತ್ತಿ, ನೀರು ಚೆಲ್ಲಿ ಇನ್ನೊಂದು ಕೊಡ ಹಿಡಿದ. ಆವತ್ತು ಊರಿಗೆ ನೀರು ತಡವಾಯಿತು. ಬೈಗುಳ ಸಮಯಕ್ಕೆ ಸರಿಯಾಗಿ ಬಂತು.

ಡಬ್ಬಿಗೆ ಹಸಿ ಉಸುಕು ತುಂಬಿ ಉಪ್ಪುನೀರಿನ ಬಟ್ಟಲಿಟ್ಟ ಕೂಡಲೇ ಏಡಿ ಹರಳು ಹಿಡಿದು ಇಳಿಯಿತು. ಅವ್ವ ಹತ್ತಿರ ಕೂತು, ಜ್ವರ ಬಿಟ್ಟ ಮಗು ಗಂಜಿ ಕುಡಿಯುವುದನ್ನು ನೋಡುವಂತೆ ನೋಡಿದಳು. ಆದರೆ ಗಂಟು ಬಾಗಿಲ ಬಳಿಯೇ ಇತ್ತು. ಮೂರನೆಯ ದಿನ ಏಡಿ ಕಾಣಲಿಲ್ಲ. ಉಸುಕಿನ ಮೇಲೆ ಅದು ಇಳಿದುಹೋದ ಗುರುತು ಮಾತ್ರ ಇತ್ತು.

"ಸತ್ತದೋ ಏನೋ ತೆಗೆದು ನೋಡು ಅಂದ್ರ ಕೆದಕಬ್ಯಾಡ ಅಂತಿ," ಎಂದಳು ಅವ್ವ.

"ಅಂಗಡಿಯಾಂವ ಅಂದಾನವ್ವ. ತಿಂಗಳು ಹಿಡೀತದಂತ."

"ತಿಂಗಳೋ?"

"ದಿನಾ ಎರಡೂ ಬಟ್ಟಲ ನೀರು ಬದಲಿ ಮಾಡಬೇಕು, ಉಸುಕು ಹಸಿ ಇಡಬೇಕು."

ಯುಗಾದಿ ಬಂತು, ಬೇವುಬೆಲ್ಲ ಆಯಿತು. ಮರುದಿನ ಮಧ್ಯಾಹ್ನ ಗೋವಾ ಗಾಡಿಯ ಹೊತ್ತಿಗೆ ವಹಾಬ ಟಂಟಂ ತಂದು ಬಾಗಿಲಿಗೆ ನಿಲ್ಲಿಸಿದ. "ಅಮ್ಮಾ, ಹೊಂಟ್ರೇನು?" ಎಂದ. ಅಂಬ್ರಪ್ಪ ಒಳಗೆ ನಿಂತು ನಲ್ಲಿಯ ವಾಷರು ಹುಡುಕುವಂತೆ ನಟಿಸುತ್ತಿದ್ದ.

ಹಣಮಂತಮ್ಮ ಡಬ್ಬಿ ನೋಡಿದಳು, ಗಂಟು ನೋಡಿದಳು. ಮೊಣಕಾಲಿಗೆ ಕೈಯೂರಿ ಎದ್ದು ಉಸುಕಿಗೆ ಉಪ್ಪುನೀರು ಚಿಮುಕಿಸಿದಳು. "ಮ್ಯಾಲ ಬಂದ್ರ ಒಂದು ಲೆಕ್ಕ, ಸತ್ರ ಒಂದು ಲೆಕ್ಕ. ಒಳಗ ಕುಂತಿದ್ದನ್ನ ಬಿಟ್ಟು ಹೆಂಗ ಹೋಗ್ಲೋ ವಹಾಬ? ನೀ ನಡಿ."

ಟಂಟಂ ಹೋದ ಮೇಲೆ ಅಂಬ್ರಪ್ಪ ಹೊರಗೆ ಬಂದ. "ಅವ್ವ, ಸಣ್ಣದು ಸತ್ತದ್ದು..."

"ನಿನ್ನ ಪುಡಿಗೆ," ಎಂದಳು ಅವ್ವ, ತಿರುಗಿಯೂ ನೋಡದೆ. "ಅವತ್ತ ಮೂಸಿ ನೋಡೀನಿ. ನಿನ್ನ ಕೈ ವಾಸನಿನೇ ನೀರಿಗಿ ಬರ್ತಿತ್ತು. ಅದಕ್ಕ ಪರಾತದಾಗ ಬಿಸಲಿಗಿ ಇಡ್ತಿದ್ದೆ."

"ಮತ್ತ ಯಾಕ ಹೇಳಲಿಲ್ಲ?"

"ಅಷ್ಟು ಖುಷಿಲಿ ತಂದಿದ್ದಿ. ಸಣ್ಣಾಂವ ಇದ್ದಾಗ ನೀ ನನಗ ಏನು ತಂದು ಕೊಡ್ತಿದ್ದಿ ಅಂತ ನೋಡಾಕ ನಾ ಇಲ್ಲಿ ಇರಲಿಲ್ಲ."

ಅಂಬ್ರಪ್ಪ ಬಾಗಿಲ ಬಳಿಯ ಗಂಟು ಎತ್ತಿ ಅಟ್ಟಕ್ಕೆ ಹಾಕಿದ. ಅವಳು ಬೇಡ ಅನ್ನಲಿಲ್ಲ.

"ನಾಳಿ ಕೊಡ ಹಿಡಿಯೋ ಮುಂದ ಕೈ ತೊಳಿ," ಎಂದಳು. "ಆಮೇಲೆ ಮತ್ತೊಮ್ಮೆ ತೊಳಿ."