ಒಂದು ಹನಿಯೂ ಸೋರದ ಹಾಡು

ರೋಣದ ಬಸ್‌ಸ್ಟ್ಯಾಂಡಿನ ಹಿಂದಿದ್ದ ಟ್ರ್ಯಾಕ್ಟರ್ ಮೇಸ್ತ್ರಿ ಕಾಕಾ ತಲೆ ವಾಲಿಸಿ, ಒಂದು ಕಣ್ಣು ಮುಚ್ಚಿ ಇಂಜಿನ್ನಿನ ರೋಗ ಹೇಳುತ್ತಿದ್ದರು. ಹಾಡು ಕೇಳುವಾಗಲೂ ಅದೇ ಭಂಗಿ. ಪರದೇಶದ ಮುದಿ ರಾಕ್ ಗಾಯಕನೊಬ್ಬನ ಹಿಟ್ ಹಾಡುಗಳೆಂದರೆ ಅವರಿಗೆ ಪ್ರಾಣ. ಅವನ್ನೆಲ್ಲ ಮೊಬೈಲಿಗೆ, ಮೂಲ ಸದ್ದಿನ ಒಂದು ಚೂರೂ ಕಳೆಯದ ಲಾಸ್‌ಲೆಸ್ ಆಡಿಯೋದಲ್ಲಿ ಹಾಕಿಸಿಕೊಂಡ ಮೇಲಂತೂ ಬಂದವರಿಗೆಲ್ಲ ಹೆಡ್‌ಫೋನ್ ತೊಡಿಸಿ, "ಒಂದ್ ಹನಿ ಸೋರಿಲ್ಲ ನೋಡ" ಎನ್ನುತ್ತಿದ್ದರು. ಆ ಮಾತನ್ನು ಅವರದೇ ಧ್ವನಿಯಲ್ಲಿ ಆಡಿ ತೋರಿಸಿ ನಾನು ಊರತುಂಬ ಪುಕ್ಕಟೆ ಚಹಾ ಕುಡಿದಿದ್ದೇನೆ.

ಒಂದು ದಿನ ಕಾಕಾ ಮುಖ ಸಪ್ಪಗೆ ಮಾಡಿಕೊಂಡು ಕೂತಿದ್ದರು. ಅವರ ಅತಿ ಪ್ರೀತಿಯ ಐದನೇ ಹಾಡಿನಲ್ಲಿ ಡ್ರಮ್ಮನ್ನು ಕಾಲಿನಿಂದ ಬಾರಿಸುವ ಪೆಡಲ್ ಕಿರ್ ಕಿರ್ ಎನ್ನುವುದೂ ಈಗ ಕೇಳಿಸತೊಡಗಿತ್ತು.

"ಇಪ್ಪತ್ತ ವರ್ಷ ಕೇಳೀನಿ ತಮ್ಮಾ, ಈಗ ಆ ಹಾಡ ಬ್ಯಾಡಾಗೈತಿ. ಒಂದ್ ಹನಿ ಎಣ್ಣಿ ಬಿಡಾಕ ಅಲ್ಲಿ ಯಾರಿಗೂ ತಿಳೀಲಿಲ್ಲೇನ?"

"ಹಿಂಗ ಅಂತೈತೇನ್ರಿ ಕಾಕಾ?" ಎಂದು ಬಾಯಿ ತೆರೆದು ಕಿರ್‌ಗುಟ್ಟಿದೆ.

ಕಾಕಾ ಎದ್ದೇಬಿಟ್ಟರು. "ಹಾಂ, ಅದ! ಇನ್ನೊಮ್ಮೆ ಮಾಡ!" ಒಂದು ಕಣ್ಣು ಮುಚ್ಚಿ, ನನ್ನ ಗದ್ದ ಹಿಡಿದು, ಎಣ್ಣೆ ಡಬ್ಬಿಯ ಮೂತಿಯನ್ನು ಬಾಯಿಯ ಹತ್ತಿರವೇ ತಂದರು. ನಾನು ಗಪ್ಪನೆ ಬಾಯಿ ಮುಚ್ಚಿದೆ.

"ಬಂದ್ ಆತ ನೋಡ!" ಎನ್ನುತ್ತ ಐದನೇ ಹಾಡು ಹಚ್ಚಿದರು. ಹೆಡ್‌ಫೋನಿನ ಒಂದು ಬದಿ ಅವರಿಗೆ, ಒಂದು ಬದಿ ನನಗೆ. ಹಾಡು ಮುಗಿಯುವವರೆಗೂ ಕಾಲು ಕುಣಿಸಿದರು. "ಈಗ ಹ್ಯಾಂಗೈತಿ?"

ಕಿರ್ ಕಿರ್ ಅಲ್ಲೇ ಇತ್ತು. ಎಣ್ಣೆ ಡಬ್ಬಿಯೂ ಅವರ ಕೈಯಲ್ಲೇ ಇತ್ತು.

"ಭಾಳ ಚಲೋ ಐತ್ರಿ ಕಾಕಾ, ಒಂದ್ ಹನಿ ಸೋರಿಲ್ಲ," ಎಂದೆ, ಆ ಮಾತನ್ನು ಮೊದಲ ಸಲ ನನ್ನ ಸ್ವಂತ ಧ್ವನಿಯಲ್ಲಿ.