ಸುಬ್ಬಯ್ಯನ ಹೆಸರಿನ ಮುಂದಿನ ಗೀಟು

ಹಸಿ ಜೇಡಿಮಣ್ಣಿನ ವಾಸನೆ ಈಗಲೂ ನನ್ನ ಬೆರಳಲ್ಲಿದೆ. ನಾಲ್ಕು ಸಾವಿರ ವರ್ಷದ ಹಿಂದೆ, ಈಗಿನ ಇರಾಕಿನಲ್ಲಿದ್ದ ಸುಮೇರಿಯದ ಗುಮಾಸ್ತರು ಮಣ್ಣಿನ ಹಲಗೆಗಳ ಮೇಲೆ ಬರೆದಿಟ್ಟ ದಾಖಲೆಗಳನ್ನು ಓದುವುದು, ಬಿದಿರು ಕಡ್ಡಿಯಿಂದ ಆ ಮೊಳೆಯಂಥ ಅಕ್ಷರಗಳನ್ನು ಒತ್ತಿ ಕಲಿಯುವುದು, ರಿಟೈರಾದ ಮೇಲೆ ನಾನು ಹಚ್ಚಿಕೊಂಡ ಹುಚ್ಚು. "ಪೇಪರ್ ಓದೋಕೆ ಕನ್ನಡಕ ಹುಡುಕೋರು ಇದನ್ನ ಓದ್ತಾರಂತೆ" ಎಂದು ಹೆಂಡತಿ ನಗುತ್ತಾಳೆ. ನೀವೂ ನಗಬಹುದು. ಆದರೆ ಆ ಹಲಗೆಗಳಲ್ಲಿ ಹೆಚ್ಚಿನವು ರಾಜರ ಕಥೆಯಲ್ಲ. ಯಾರು ಕೆಲಸಕ್ಕೆ ಬಂದರು, ಯಾರಿಗೆ ಎಷ್ಟು ಬಾರ್ಲಿ, ಅಷ್ಟೆ. ಮಲ್ಲಂದೂರಿನ ಹತ್ತಿರದ ಕಾಫಿ ಎಸ್ಟೇಟಿನಲ್ಲಿ ಮೂವತ್ತು ವರ್ಷ ಹಾಜರಿ ಬರೆದ ರೈಟರ್ ನಾನು. ನನಗೆ ಅದು ಮನೆ ಮಾತಿನಂತೆ ಕೇಳುತ್ತದೆ.

ಕಳೆದ ವಾರ ಅಂಥದೊಂದು ಹಲಗೆಯ ಚಿತ್ರ ನೋಡುತ್ತಿದ್ದೆ. ಆಳುಗಳ ಪಟ್ಟಿ. ಒಂದು ಹೆಸರಿನ ಪಕ್ಕದಲ್ಲಿ ಒಂದೇ ಚಿಹ್ನೆ: ಸತ್ತ. ಆ ಗುಮಾಸ್ತ ಹೆಸರನ್ನು ಕೈಬಿಟ್ಟಿರಲಿಲ್ಲ, ಏನನ್ನೂ ತಿದ್ದಿರಲಿಲ್ಲ. ನನಗೆ ಮುಂದೆ ಓದಲಾಗಲಿಲ್ಲ.

ಇಪ್ಪತ್ತು ವರ್ಷದ ಹಿಂದಿನ ಮಾತು. ಮರಕಸಿಯ ಕಾಲ, ಮಳೆಗೆ ಮೊದಲು ತೋಟದ ನೆರಳು ಮರಗಳ ಕೊಂಬೆ ಸವರುತ್ತಿದ್ದರು. ಬೆಳಿಗ್ಗೆ ಹಾಜರಿ ಕೂಗಿದೆ. "ಸುಬ್ಬಯ್ಯ."

"ಇದೀನಿ ರೈಟ್ರೇ, ಇನ್ನೆಲ್ಲಿಗೆ ಹೋಗ್ಲಿ!"

ಎಲ್ಲರೂ ನಕ್ಕರು. ಅವನ ಹೆಸರಿನ ಮುಂದೆ ಗೀಟು ಎಳೆದೆ. ಹನ್ನೊಂದರ ಹೊತ್ತಿಗೆ ಅವನು ಸಿಲ್ವರ್ ಓಕಿನ ಮೇಲಿಂದ ಬಿದ್ದ. ಸೊಂಟಕ್ಕೆ ಕಟ್ಟಿದ್ದ ಹಗ್ಗ ಹಳೆಯದು, ತುಂಡಾಗಿತ್ತು. ಹೊಸದು ಬೇಕೆಂದು ಎರಡು ಸಲ ನನ್ನನ್ನೇ ಕೇಳಿದ್ದ. ಆಸ್ಪತ್ರೆಗೆ ಹೊರಟ ಜೀಪು ಗೇಟು ದಾಟುವ ಮೊದಲೇ ಉಸಿರು ನಿಂತಿತು.

ತೋಟದ ಸಾಹುಕಾರರು ನನ್ನನ್ನು ಒಳಗೆ ಕರೆದು ಆಫೀಸಿನ ಬಾಗಿಲು ಹಾಕಿದರು. "ಅವ್ನು ಇವತ್ತು ಕೆಲಸಕ್ಕೆ ಬಂದಿಲ್ಲ ಮಾರಾಯ. ಸೌದೆಗೆ ಅಂತ ಅವ್ನಷ್ಟಕ್ಕೆ ಹತ್ತಿದ್ದು. ತಿಳೀತಾ?"

ನಮ್ಮ ಪುಸ್ತಕದಲ್ಲಿ ಒಂದು ಗೀಟೆಂದರೆ ಹಾಜರಿ, ಕತ್ತರಿ ಗುರುತೆಂದರೆ ಗೈರು. ಆ ಗೀಟಿನ ಮೇಲೆ ಅಡ್ಡಲಾಗಿ ಇನ್ನೊಂದು ಎಳೆದೆ. ಗೆರೆ ನೇರವಾಗಿಯೇ ಬಂತು. ಅದನ್ನೂ ಹೇಳಬೇಕು.

ಸುಬ್ಬಯ್ಯನ ಹೆಂಡತಿ ಗಿರಿಜೆ ಪರಿಹಾರ ಕೇಳಲು ಬಂದಳು. "ನೀವೇ ಕೂಗಿದ್ರಲ್ಲ. ಅವ್ರು ಓಗೊಟ್ಟಿದ್ದು ನಾನೇ ಕೇಳ್ದೆ."

"ಪುಸ್ತಕದಲ್ಲಿ ಹಾಗಿಲ್ಲಮ್ಮ" ಎಂದೆ. ವಿಚಾರಣೆಗೆ ಬಂದವರೂ ಪುಸ್ತಕವನ್ನೇ ನಂಬಿದರು. ಪರಿಹಾರ ಸಿಗದೆ ಅವಳು ಆಳುಗಳ ಲೈನ್ ಮನೆ ಬಿಟ್ಟು ಮೂಡಿಗೆರೆಯ ಅಕ್ಕನ ಮನೆ ಸೇರಿದಳು.

ನಿನ್ನೆ ಬಸ್ಸು ಹತ್ತಿ ಅಲ್ಲಿಗೆ ಹೋದೆ. ನಡೆದದ್ದನ್ನೆಲ್ಲ ಬರೆದು ಸಹಿ ಹಾಕಿದ ಕಾಗದವನ್ನು ಬಾಗಿಲಲ್ಲೇ ನಿಂತು ಓದಿ ಹೇಳಿದೆ. ಗಿರಿಜೆ ಅದನ್ನು ತಿರುಗಿಸಿ ಮುರುಗಿಸಿ ನೋಡಿದಳು.

"ಆವತ್ತೂ ಬರೆಯೋಕೆ ಬರ್ತಿತ್ತಲ್ಲ ರೈಟ್ರೇ ನಿಮ್ಗೆ."

ಕೂರಲು ಹೇಳಲಿಲ್ಲ. ಕಾಗದವನ್ನು ಮಾತ್ರ ಒಳಗೆ ತೆಗೆದುಕೊಂಡು ಹೋದಳು.

ಇವತ್ತು ಬೆಳಿಗ್ಗೆ ಮಣ್ಣು ಕಲಸಿ ಸುಬ್ಬಯ್ಯನ ಹೆಸರು ಒತ್ತಿದೆ. ಮುಂದೆ ಒಂದು ಗೀಟು, ಅದರ ಪಕ್ಕ 'ಸತ್ತ' ಎಂಬ ಆ ಚಿಹ್ನೆ. ಹಸಿ ಇರುವಷ್ಟು ಹೊತ್ತು ಹೆಬ್ಬೆರಳಲ್ಲಿ ಒರೆಸಿಬಿಡಬಹುದು. ಒಣಗಲಿ ಎಂದು ಪಕ್ಕದಲ್ಲೇ ಕಾದು ಕುಳಿತಿದ್ದೇನೆ.