ಸರ್ಕಾರ ಬಿದ್ದ ಸಂಜೆ ಬಿಚ್ಚದ ಗಂಟು

ಇವತ್ತು ಆಲುವ ರೈಲು ಸ್ಟೇಷನ್ ಎದುರು ಯಾರೋ ಮನೆ ಸಾಮಾನನ್ನು ಲಾರಿಗೆ ಏರಿಸುತ್ತಿದ್ದರು. ಒದ್ದೆಯಾದ ತೆಂಗಿನ ನಾರಿನ ಹಗ್ಗದ ವಾಸನೆ ಮೂಗಿಗೆ ಬಡಿದದ್ದೇ ತಡ, ನಾನು ಇದೇ ಕೇರಳದ ಉಳ್ಳೂರಿನ ನಮ್ಮ ಹಳೆಯ ಬಾಡಿಗೆ ಮನೆಯಲ್ಲಿದ್ದೆ.

ಅಪ್ಪ ಬ್ಯಾಂಕಿನಲ್ಲಿದ್ದರು. ಮೈಸೂರಿಗೆ ವರ್ಗ ಖಾತ್ರಿ ಎಂದು ಯಾರೋ ಹೇಳಿದ್ದನ್ನು ನಂಬಿ, ಆರ್ಡರ್ ಬರುವ ಮೊದಲೇ ಅಮ್ಮ ಪಾತ್ರೆಗಳನ್ನೆಲ್ಲ ಗೋಣಿಗೆ ತುಂಬಿ ಹಗ್ಗ ಬಿಗಿದುಬಿಟ್ಟಿದ್ದಳು. ಮೈಸೂರಿನಲ್ಲಿ ಅಜ್ಜಿ, ಅಮ್ಮನ ಅಮ್ಮ, ಹಾಸಿಗೆ ಹಿಡಿದಿದ್ದರು. ಅಷ್ಟರಲ್ಲಿ ದಿಲ್ಲಿಯಲ್ಲಿ ಯಾರೋ ಮುನಿಸಿಕೊಂಡು ಬೆಂಬಲ ಹಿಂತೆಗೆದರು. ಬಹುಮತವಿಲ್ಲದ ಸರ್ಕಾರ ಅಲುಗಾಡತೊಡಗಿತು. ಅದು ಬಿದ್ದರೆ ಚುನಾವಣೆ. ಚುನಾವಣೆ ಬಂದರೆ ಅಪ್ಪನಿಗೆ ಬೂತ್ ಡ್ಯೂಟಿ, ವರ್ಗಾವಣೆ ಬಂದ್.

ವಿಶ್ವಾಸಮತದ ಸಂಜೆ ನಾವು ಚೇಚಿ ಎಂದು ಕರೆಯುತ್ತಿದ್ದ ಕೆಳಗಿನ ಮನೆಯ ಅಕ್ಕನ ಟಿವಿ ಮುಂದೆ ಕೂತೆವು. ಅಮ್ಮನಿಗೆ ಯಾವ ಪಕ್ಷದ ಗೊಡವೆಯೂ ಇರಲಿಲ್ಲ. ಸೆರಗಿನ ತುದಿಯನ್ನು ಬೆರಳಿಗೆ ಸುತ್ತಿ ಸುತ್ತಿ ಬೆರಳು ಬಿಳಿಚಿಕೊಂಡಿತ್ತು.

"ಪೋಯಿ," ಎಂದರು ಚೇಚಿ ಮೆಲ್ಲಗೆ. ಸರ್ಕಾರ ಬಿದ್ದಿತ್ತು.

ಮನೆಗೆ ಬಂದು ಅಪ್ಪ ಗೋಣಿಯ ಗಂಟು ಬಿಚ್ಚಲು ಕೂತರು.

"ಮುಟ್ಟಬೇಡಿ ಅದನ್ನ. ಎಲೆಕ್ಷನ್ ಮುಗಿದ ತಕ್ಷಣ ಹೊರಡೋದೇ," ಎಂದಳು ಅಮ್ಮ.

ಹೊರಗುಳಿದಿದ್ದ ಒಂದೇ ಪಾತ್ರೆಯಲ್ಲಿ ಅನ್ನ, ಆಮೇಲೆ ಅದರಲ್ಲೇ ಸಾರು. ಚುನಾವಣೆ ಮುಗಿಯುವವರೆಗೂ ಹೀಗೇ ನಡೆಯಿತು. ಅಜ್ಜಿ ಮಾತ್ರ ಅಲ್ಲಿಯವರೆಗೆ ಕಾಯಲಿಲ್ಲ. ಕಟ್ಟಿದ ಸಾಮಾನು ಕಟ್ಟಿದಂತೆಯೇ ಇರುವಾಗ, ಅಮ್ಮ ಒಂದು ಕೈಚೀಲ ಹಿಡಿದು ಮೈಸೂರಿನ ಬಸ್ಸು ಹತ್ತಿದಳು.

ಆಮೇಲೆ ನಾವು ಕೇರಳದಲ್ಲೇ ಉಳಿದೆವು. ಈ ಸಲ ಲೋಕಸಭೆಗೆ ವೋಟು ಹಾಕಿ ಬಂದ ಅಮ್ಮನನ್ನು ನನ್ನ ಮಗಳು ಮಲಯಾಳದಲ್ಲೇ ಕೇಳಿದಳು, ಯಾರಿಗೆ ಹಾಕಿದಿರಿ ಎಂದು.

ಶಾಯಿ ಹಚ್ಚಿದ ಬೆರಳಿಗೆ ಸೆರಗು ಸುತ್ತುತ್ತ ಅಮ್ಮ ಹೇಳಿದಳು: "ಯಾರಾದ್ರೂ ಬರ್ಲಿ ಪುಟ್ಟಿ. ಬಂದವರು ಬೀಳದೆ ನಿಂತ್ಕೊಳ್ಲಿ."